ಸರ್ವೈಕಲ್ ಅಂದರೆ ಯಾವ ಕತ್ತು?

ಮೂಳೆ ಡಾಕ್ಟರ ಹತ್ತಿರ ಹೋದವರಲ್ಲಿ ಎಷ್ಟೋ ಮಂದಿ ಕುರ್ಚಿಯಲ್ಲಿ ಕೂರುತ್ತಲೇ ‘ಡಾಕ್ಟ್ರೇ, ನನಗೆ ಸರ್ವೈಕಲ್ ಇದೆ’ ಅನ್ನುತ್ತಾರೆ. ಶುಗರ್ ಇದೆ, ಬಿ.ಪಿ. ಇದೆ ಅಂದ ಹಾಗೆಯೇ ಇದೂ. ಅದೇ ಮನೆಯ ಬಸುರಿ ಸೊಸೆಯ ಸ್ಕ್ಯಾನಿಂಗ್ ರಿಪೋರ್ಟಿನಲ್ಲಿ ‘ಸರ್ವೈಕಲ್ ಲೆಂಗ್ತ್’ ಎಂದು ಕಂಡರೆ, ಅತ್ತೆಗೆ ಇವಳಿಗೂ ಕುತ್ತಿಗೆ ನೋವು ಶುರುವಾಯಿತೇ ಎಂಬ ಅನುಮಾನ. ಬಾಯಿಹುಣ್ಣು ವಾಸಿಯಾಗುತ್ತಿಲ್ಲ ಎಂದು ತೋರಿಸಲು ಹೋದ ಗಂಡಸಿನ ಕಾಗದದಲ್ಲಿ ‘ಸರ್ವೈಕಲ್ ಮೆಟಾಸ್ಟಾಸಿಸ್’ ಎಂದಿದ್ದರೆ ಗೊಂದಲ ಇನ್ನೂ ದೊಡ್ಡದು. ಮೊಬೈಲಿನಲ್ಲಿ ‘ಸರ್ವೈಕಲ್ ಕ್ಯಾನ್ಸರ್’ ಎಂದು ಹುಡುಕಿದರೆ ಬರುವುದೆಲ್ಲ ಗರ್ಭಕೋಶದ ಚಿತ್ರಗಳು.

ಮೂವರ ರಿಪೋರ್ಟಿನಲ್ಲೂ ಪದ ಒಂದೇ. ಕಾಯಿಲೆ ಮಾತ್ರ ಒಂದಕ್ಕೊಂದು ಸಂಬಂಧವಿಲ್ಲದ್ದು. ಬಸುರಿಯ ವಿಷಯದಲ್ಲಂತೂ ಕಾಯಿಲೆಯೇ ಇಲ್ಲ. ಸರ್ವೈಕಲ್ ಎಂಬುದು ಜಾಗದ ಹೆಸರು. ರೋಗ ಏನು ಎಂಬುದನ್ನು ಅದರ ಮುಂದಿನ ಪದ ಹೇಳುತ್ತದೆ. ಇಷ್ಟು ತಿಳಿದಿದ್ದರೆ ರಿಪೋರ್ಟ್ ಕೈಗೆ ಬಂದ ರಾತ್ರಿ ಪಡುವ ಭಯ ಎಷ್ಟೋ ಕಡಿಮೆಯಾಗುತ್ತದೆ. ನಿಜವಾಗಿ ಭಯಪಡಬೇಕಾದ ಕಡೆ ತಡಮಾಡದೆ ಆಸ್ಪತ್ರೆಗೆ ಹೋಗುವುದೂ ಆಗುತ್ತದೆ. ನನಗೆ ಎರಡನೆಯದೇ ಹೆಚ್ಚು ಮುಖ್ಯ.

ಲ್ಯಾಟಿನ್ ಭಾಷೆಯಲ್ಲಿ ‘ಸರ್ವಿಕ್ಸ್’ ಅಂದರೆ ಕುತ್ತಿಗೆ. ದೇಹವನ್ನು ಕೊಯ್ದು ನೋಡಿ ಹೆಸರಿಟ್ಟ ಹಳಬರು, ಎಲ್ಲಿ ಅಗಲವಾದದ್ದು ಕಿರಿದಾಗಿ ಮತ್ತೊಂದಕ್ಕೆ ಸೇರುತ್ತದೋ ಆ ಜಾಗಕ್ಕೆಲ್ಲ ಕತ್ತು ಎಂದೇ ಕರೆದರು. ಗರ್ಭಕೋಶ ಕೆಳಗೆ ಕಿರಿದಾಗಿ ಯೋನಿಯನ್ನು ಸೇರುವ ಭಾಗ ‘ಸರ್ವಿಕ್ಸ್ ಯುಟೆರೈ’, ಅಂದರೆ ಗರ್ಭಕೋಶದ ಕತ್ತು. ನಮ್ಮಲ್ಲೂ ಗರ್ಭಕಂಠ, ಗರ್ಭಕೊರಳು ಎಂದು ಕತ್ತಿನ ಹೆಸರೇ ನಿಂತಿದೆ. ಆದರೆ ಕನ್ನಡದಲ್ಲಿ ‘ಗರ್ಭ’ ಎಂಬ ಮುಂಪದ ಸೇರಿರುವುದರಿಂದ ಯಾರಿಗೂ ಗೊಂದಲವಿಲ್ಲ. ವೈದ್ಯರ ಬಳಕೆಯಲ್ಲಿ ‘ಯುಟೆರೈ’ ಉದುರಿಹೋಗಿ ಬರೀ ‘ಸರ್ವಿಕ್ಸ್’ ಉಳಿಯಿತು. ಹಾಗಾಗಿ ನಾಮಪದವಾಗಿ ‘ಸರ್ವಿಕ್ಸ್’ ಅಂದರೆ ಇವತ್ತು ಬಹುತೇಕ ಯಾವಾಗಲೂ ಗರ್ಭಕಂಠವೇ. ವಿಶೇಷಣವಾದ ‘ಸರ್ವೈಕಲ್’ ಮಾತ್ರ ಎರಡೂ ಕಡೆ ದುಡಿಯುತ್ತದೆ. ಸರ್ವೈಕಲ್ ಸ್ಪೈನ್, ಸರ್ವೈಕಲ್ ನೋಡ್, ಸರ್ವೈಕಲ್ ಕಾಲರ್, ಸರ್ವೈಕಲ್ ರಿಬ್ ಇವೆಲ್ಲ ತಲೆಯ ಕೆಳಗಿನ ಕುತ್ತಿಗೆಗೆ ಸೇರಿದವು. ಸರ್ವೈಕಲ್ ಸ್ಮಿಯರ್, ಸರ್ವೈಕಲ್ ಬಯಾಪ್ಸಿ, ಸರ್ವೈಕಲ್ ಸ್ಟಿಚ್ ಗರ್ಭಕಂಠದವು. ಹಲ್ಲಿನ ಡಾಕ್ಟರಿಗೆ ಮೂರನೆಯದೂ ಒಂದುಂಟು: ಹಲ್ಲು ಒಸಡಿನೊಳಗೆ ಇಳಿಯುವ ಗಡಿಯೂ ಅವರ ಪಾಲಿಗೆ ಹಲ್ಲಿನ ಕತ್ತು. ಗಟ್ಟಿ ಬ್ರಷ್ಷಿನಿಂದ ಅಡ್ಡಡ್ಡ ಉಜ್ಜಿ ಅಲ್ಲಿ ಕೊರಕಲಾದರೆ ‘ಸರ್ವೈಕಲ್ ಅಬ್ರೇಶನ್’ ಎಂದು ಬರೆಯುತ್ತಾರೆ.

ಮೊದಲು ನಿಜವಾದ ಕುತ್ತಿಗೆಗೆ ಬರೋಣ.

ಬೆನ್ನುಮೂಳೆಯ ಸಾಲಿನಲ್ಲಿ ಮೇಲಿನ ಏಳು ಕಶೇರುಗಳು ಕುತ್ತಿಗೆಯವು. ಇಂಗ್ಲಿಷಿನ ಸಿ ಅಕ್ಷರ ಹಚ್ಚಿ ಸಿ1ರಿಂದ ಸಿ7ರವರೆಗೆ ಎಣಿಸುತ್ತಾರೆ. ಏಳು ಎಂಬ ಈ ಲೆಕ್ಕ ಮನುಷ್ಯರದ್ದಷ್ಟೇ ಅಲ್ಲ. ಜಿರಾಫೆಗೂ ಏಳೇ, ಇಲಿಗೂ ಏಳೇ, ತಿಮಿಂಗಿಲಕ್ಕೂ ಏಳೇ. ಸಸ್ತನಿಗಳಲ್ಲಿ ಸ್ಲಾತ್ ಮತ್ತು ಮ್ಯಾನಟೀ ಮಾತ್ರ ಈ ಲೆಕ್ಕ ತಪ್ಪಿಸಿದ ಪ್ರಾಣಿಗಳು. ಜಿರಾಫೆಯ ಕತ್ತು ಉದ್ದವಾದದ್ದು ಮೂಳೆಗಳ ಸಂಖ್ಯೆ ಹೆಚ್ಚಾಗಿ ಅಲ್ಲ, ಒಂದೊಂದು ಮೂಳೆಯೂ ಉದ್ದವಾಗಿ.

ಏಳರಲ್ಲಿ ಮೊದಲೆರಡು ಉಳಿದವುಗಳಂತಿಲ್ಲ. ಸಿ1ರ ಹೆಸರು ಅಟ್ಲಾಸ್. ಆಕಾಶವನ್ನು ಹೊತ್ತು ನಿಂತ ಗ್ರೀಕ್ ಪುರಾಣದ ಅಟ್ಲಾಸನದ್ದು. ಇದು ಬರೀ ಬಳೆ. ಮಿಕ್ಕ ಕಶೇರುಗಳಿಗೆ ಮುಂಭಾಗದಲ್ಲಿರುವ ದಪ್ಪನೆಯ ಒಡಲು ಇದಕ್ಕಿಲ್ಲ. ನಾಲ್ಕೂವರೆ, ಐದು ಕೆ.ಜಿ. ತೂಗುವ ತಲೆ ಕೂತಿರುವುದು ಈ ಬಳೆಯ ಮೇಲೆ. ಸಿ2, ಅಂದರೆ ಆಕ್ಸಿಸ್, ತನ್ನ ಒಡಲಿನಿಂದ ಒಂದು ಗೂಟವನ್ನು ಮೇಲಕ್ಕೆ ಚಾಚಿದೆ. ಆ ಗೂಟ ಅಟ್ಲಾಸಿನ ಬಳೆಯೊಳಗೆ ನಿಲ್ಲುತ್ತದೆ. ಬೀಸುವ ಕಲ್ಲನ್ನು ನೋಡಿದವರಿಗೆ ಹೆಚ್ಚು ವಿವರಿಸಬೇಕಿಲ್ಲ: ಕೆಳಗಲ್ಲಿನ ಗೂಟದ ಸುತ್ತ ಮೇಲ್ಗಲ್ಲು ತಿರುಗುವ ಹಾಗೆಯೇ, ಆಕ್ಸಿಸಿನ ಗೂಟದ ಸುತ್ತ ಅಟ್ಲಾಸ್ ತಲೆಯನ್ನು ಹೊತ್ತು ತಿರುಗುತ್ತದೆ. ಹೌದು ಎಂದು ತಲೆಯಾಡಿಸುವುದು ಹೆಚ್ಚಾಗಿ ಬುರುಡೆ ಮತ್ತು ಅಟ್ಲಾಸಿನ ನಡುವಿನ ಕೀಲಿನಲ್ಲಿ. ಇಲ್ಲ ಎಂದು ಅಡ್ಡ ಆಡಿಸುವುದು ಅಟ್ಲಾಸ್ ಮತ್ತು ಆಕ್ಸಿಸಿನ ನಡುವೆ. ಕುತ್ತಿಗೆ ಎಡಬಲಕ್ಕೆ ತಿರುಗುವುದರಲ್ಲಿ ಸುಮಾರು ಅರ್ಧ ಪಾಲು ಈ ಒಂದೇ ಕೀಲಿನದ್ದು.

ಆ ಗೂಟದ ಬೆನ್ನಿಗೇ ಮಿದುಳುಬಳ್ಳಿ, ಅಂದರೆ ಬೆನ್ನುಹುರಿ, ಇಳಿಯುತ್ತದೆ. ಹುಟ್ಟಿನಿಂದಲೋ, ಪೆಟ್ಟಿನಿಂದಲೋ, ಬಹುಕಾಲದ ರುಮಟಾಯ್ಡ್ ಸಂಧಿವಾತದಿಂದಲೋ ಈ ಕೀಲು ಸಡಿಲವಾದರೆ ಬಳ್ಳಿ ನಜ್ಜಾಗುವ ಅಪಾಯ. ಹಾಗೆ ಸಡಿಲವಾದ ಸಿ1, ಸಿ2 ಮೂಳೆಗಳಿಗೆ ಸ್ಕ್ರೂ ಹಾಕಿ ಕಟ್ಟುವ ಒಂದು ವಿಧಾನವನ್ನು ಮುಂಬೈನ ಕೆ.ಇ.ಎಂ. ಆಸ್ಪತ್ರೆಯ ನರಶಸ್ತ್ರವೈದ್ಯ ಅತುಲ್ ಗೋಯಲ್ 1994ರಲ್ಲಿ ಪ್ರಕಟಿಸಿದರು. 2001ರಲ್ಲಿ ಜರ್ಮನಿಯ ಹಾರ್ಮ್ಸ್ ಅದನ್ನು ಸ್ವಲ್ಪ ಬದಲಿಸಿದರು. ಇಂದು ಪ್ರಪಂಚದ ಎಲ್ಲೆಡೆ ಅದನ್ನು ಗೋಯಲ್-ಹಾರ್ಮ್ಸ್ ವಿಧಾನ ಎಂದೇ ಕರೆಯುತ್ತಾರೆ.

ಸಿ7ನ್ನು ನೀವೇ ಮುಟ್ಟಿ ನೋಡಬಹುದು. ತಲೆ ಬಗ್ಗಿಸಿ ಹೆಕ್ಕತ್ತಿನಿಂದ ಬೆರಳನ್ನು ಕೆಳಗೆ ಇಳಿಸಿ. ಅಂಗಿಯ ಕಾಲರ್ ಕೂರುವ ಜಾಗದಲ್ಲಿ ಎದ್ದು ಸಿಗುವ ಗಡ್ಡೆಯಂಥ ಮೂಳೆ ಸಾಮಾನ್ಯವಾಗಿ ಅದೇ. ಕೆಲವರಲ್ಲಿ ಈ ಸಿ7ರಿಂದ ಪಕ್ಕೆಲುಬೊಂದು ಹೆಚ್ಚಾಗಿ ಬೆಳೆದಿರುತ್ತದೆ. ಅದೇ ಸರ್ವೈಕಲ್ ರಿಬ್. ನೂರರಲ್ಲಿ ಒಬ್ಬರಿಗೂ ಇರುವುದಿಲ್ಲ. ಇದ್ದವರಲ್ಲೂ ಹೆಚ್ಚಿನವರಿಗೆ ಯಾವ ತೊಂದರೆಯೂ ಕೊಡದೆ ಇದ್ದುಬಿಡುತ್ತದೆ.

ಎಂ.ಆರ್.ಐ. ರಿಪೋರ್ಟ್ ಓದುವಾಗ ಎಡವುವ ಜಾಗ ಇನ್ನೊಂದು. ಮೂಳೆ ಏಳಾದರೂ ಕುತ್ತಿಗೆಯಿಂದ ಹೊರಡುವ ನರಗಳು ಎಂಟು ಜೊತೆ. ಮೊದಲ ನರ ಸಿ1ರ ಮೇಲಿನಿಂದ ಹೊರಡುತ್ತದೆ. ಎಂಟನೆಯದು ಸಿ7ರ ಕೆಳಗಿನಿಂದ. ಅದಕ್ಕೇ ಸಿ8 ಎಂಬ ನರವಿದೆ, ಸಿ8 ಎಂಬ ಮೂಳೆಯಿಲ್ಲ. ಮೂಳೆಗಳ ನಡುವಿನ ಮೆತ್ತೆಗಳಾದ ಡಿಸ್ಕುಗಳು ಆರೇ, ಏಕೆಂದರೆ ಸಿ7ರ ಕೆಳಗೆ ಒಂದಿದ್ದರೂ ಸಿ1-ಸಿ2 ನಡುವೆ ಡಿಸ್ಕ್ ಇಲ್ಲ. ಈ ಲೆಕ್ಕದಲ್ಲಿ ಸಿ5-ಸಿ6 ನಡುವಿನ ಡಿಸ್ಕ್ ಚಾಚಿಕೊಂಡರೆ ಒತ್ತಡ ಬೀಳುವುದು ಸಿ6 ನರದ ಮೇಲೆ. ನೋವು, ಜೋಮು ತೋಳಿನಿಂದ ಇಳಿದು ಹೆಬ್ಬೆರಳಿಗೆ ಬರುತ್ತದೆ. ಸಿ7 ನರವಾದರೆ ನಡುಬೆರಳು, ಸಿ8 ಆದರೆ ಕಿರುಬೆರಳು. ಅನುಭವಿ ವೈದ್ಯರು ‘ಯಾವ ಬೆರಳು ಜೋಮು ಹಿಡಿಯುತ್ತದೆ’ ಎಂದು ಕೇಳುವುದು ಇದಕ್ಕಾಗಿ. ಎಂ.ಆರ್.ಐ. ನೋಡುವ ಮೊದಲೇ ಅವರಿಗೆ ಜಾಗ ಅಂದಾಜು ಸಿಕ್ಕಿರುತ್ತದೆ.

ಸಿ3, ಸಿ4, ಸಿ5 ನರಗಳ ಎಳೆಗಳು ಸೇರಿ ವಪೆಯನ್ನು ಆಡಿಸುತ್ತವೆ. ವಪೆ ಅಂದರೆ ಎದೆಗೂ ಹೊಟ್ಟೆಗೂ ನಡುವಿನ, ನಾವು ಉಸಿರೆಳೆಯುವ ಮುಖ್ಯ ಸ್ನಾಯು. ಕುತ್ತಿಗೆಯ ಮೇಲ್ಭಾಗದಲ್ಲಿ ಬಳ್ಳಿಗೆ ಪೆಟ್ಟಾದರೆ ಕೈಕಾಲಿನ ಜೊತೆಗೆ ಉಸಿರೂ ನಿಲ್ಲಬಹುದು. ರಸ್ತೆ ಅಪಘಾತದಲ್ಲಿ ಬಿದ್ದವರನ್ನು ಇಬ್ಬರು ಕೈಕಾಲು ಹಿಡಿದೆತ್ತಿ, ತಲೆ ಜೋಲಾಡುತ್ತಿದ್ದರೂ ಆಟೋದ ಹಿಂದಿನ ಸೀಟಿಗೆ ಮಡಚಿ ತುಂಬುವುದನ್ನು ನಮ್ಮೂರುಗಳಲ್ಲಿ ಇವತ್ತಿಗೂ ನೋಡುತ್ತೇವೆ. ಅವರ ಉದ್ದೇಶ ಒಳ್ಳೆಯದೇ. ಆದರೆ ಮೂಳೆ ಮುರಿದೂ ಬಳ್ಳಿ ಉಳಿದಿದ್ದ ಮನುಷ್ಯ ಆ ಎತ್ತುವಿಕೆಯಲ್ಲೇ ಕೈಕಾಲು ಕಳೆದುಕೊಳ್ಳಬಹುದು. ಬೆಂಕಿ, ವಾಹನ ಮೈಮೇಲೆ ಬರುವಂಥ ಅಪಾಯ ಇಲ್ಲದಿದ್ದರೆ 108ಕ್ಕೆ ಕರೆಮಾಡಿ, ಅವರು ಬರುವ ತನಕ ತಲೆಯ ಎರಡೂ ಬದಿಗೆ ಕೈಯಿಟ್ಟು ಅಲುಗದಂತೆ ಹಿಡಿಯುವುದು ಸರಿ. ಹೊರಳಿಸಲೇಬೇಕಾದರೆ ತಲೆ, ಕತ್ತು, ಮುಂಡ ಒಟ್ಟಿಗೇ ಹೊರಳಬೇಕು. ಉಸಿರಾಟಕ್ಕೆ ಅಡ್ಡಿಯಿಲ್ಲದಿದ್ದರೆ ಹೆಲ್ಮೆಟ್ಟನ್ನು ಎಳೆದು ತೆಗೆಯುವುದೂ ಬೇಡ. ಆಂಬುಲೆನ್ಸಿನವರು ಕತ್ತಿಗೆ ಹಾಕುವ ಗಟ್ಟಿ ಪಟ್ಟಿಯೇ ಸರ್ವೈಕಲ್ ಕಾಲರ್.

ಇನ್ನು ‘ನನಗೆ ಸರ್ವೈಕಲ್ ಇದೆ’ ಎಂಬ ಮಾತಿಗೆ ಬರೋಣ. ಹಾಗನ್ನುವವರು ಹೇಳುತ್ತಿರುವುದು ಸರ್ವೈಕಲ್ ಸ್ಪಾಂಡಿಲೋಸಿಸ್ ಬಗ್ಗೆ. ನಮ್ಮಲ್ಲಿ ಬಾಯಿಗೆ ಬರುವುದು ಸ್ಪಾಂಡಿಲೈಟಿಸ್, ಆದರೆ ಅದು ಬೇರೆ. ‘ಐಟಿಸ್’ ಅಂದರೆ ಉರಿಯೂತ. ಆಂಕಿಲೋಸಿಂಗ್ ಸ್ಪಾಂಡಿಲೈಟಿಸ್ ಎಂಬ ರೋಗ ಹೆಚ್ಚಾಗಿ ಹರೆಯದಲ್ಲಿ, ಸೊಂಟದಿಂದ ಶುರುವಾಗಿ, ಬೆಳಗಿನ ಹೊತ್ತು ಬಿಗಿದು ಓಡಾಡಿದ ಮೇಲೆ ಸಡಿಲಾಗುವಂಥದ್ದು; ಅದರ ಔಷಧವೇ ಬೇರೆ. ‘ಓಸಿಸ್’ ಅಂದರೆ ಇಲ್ಲಿ ಸವೆತ. ವಯಸ್ಸಾದಂತೆ ಡಿಸ್ಕಿನ ನೀರಿನಂಶ ಇಳಿಯುತ್ತದೆ, ಎತ್ತರ ಕುಗ್ಗುತ್ತದೆ, ಅಂಚಿನಲ್ಲಿ ಮೂಳೆಯ ಮುಳ್ಳುಗಳು ಬೆಳೆಯುತ್ತವೆ. ಅರವತ್ತು ದಾಟಿದ ಬಹುತೇಕರ ಎಕ್ಸ್‌ರೇಯಲ್ಲಿ ಇದು ಕಂಡೇ ಕಾಣುತ್ತದೆ.

ರಿಪೋರ್ಟಿನಲ್ಲಿ ಮತ್ತೆ ಮತ್ತೆ ಬರುವ ಕೆಲವು ಸಾಲುಗಳನ್ನು ಬಿಡಿಸಿ ನೋಡೋಣ. ‘ಲಾಸ್ ಆಫ್ ಸರ್ವೈಕಲ್ ಲಾರ್ಡೋಸಿಸ್’ ಅಂದರೆ ಕುತ್ತಿಗೆಗೆ ಸಹಜವಾಗಿ ಇರುವ ಮುಂಬಾಗು ನೇರವಾಗಿದೆ ಎಂದು. ನೋವಿಗೆ ಸ್ನಾಯು ಬಿಗಿಹಿಡಿದರೂ, ಯಂತ್ರದಲ್ಲಿ ಮಲಗಿದ ಭಂಗಿಯಿಂದಲೂ ಹೀಗೆ ಕಾಣಬಹುದು, ಅಷ್ಟರಿಂದಲೇ ರೋಗವಾಗುವುದಿಲ್ಲ. ‘ಡಿಸ್ಕ್ ಬಲ್ಜ್ ಅಟ್ ಸಿ5-ಸಿ6’ ಅಂದರೆ ಆ ಡಿಸ್ಕ್ ತನ್ನ ಗಡಿಯಿಂದ ಸ್ವಲ್ಪ ಉಬ್ಬಿದೆ. ‘ಇಂಡೆಂಟಿಂಗ್ ದಿ ಥೀಕಲ್ ಸ್ಯಾಕ್’ ಅಂದರೆ ಬಳ್ಳಿಯನ್ನು ಸುತ್ತಿರುವ ಹೊದಿಕೆಗೆ ತಾಗಿದೆ, ಬಳ್ಳಿಗೇ ಒತ್ತಿದೆ ಎಂದಲ್ಲ. ಓದಿದವರ ಎದೆ ಧಸಕ್ಕೆನ್ನುವುದು ಈ ಸಾಲಿಗೆ. ಆದರೆ ಜಪಾನಿನಲ್ಲಿ ಕುತ್ತಿಗೆಯ ಯಾವ ತೊಂದರೆಯೂ ಇಲ್ಲದ 1,211 ಮಂದಿಗೆ ಎಂ.ಆರ್.ಐ. ಮಾಡಿ 2015ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ 87.6 ಶೇಕಡಾ ಜನರಲ್ಲಿ ಡಿಸ್ಕ್ ಉಬ್ಬು ಕಂಡಿತ್ತು. ಇಪ್ಪತ್ತರ ಹರೆಯದವರಲ್ಲೂ ಹೆಚ್ಚಿನವರಿಗೆ ಇತ್ತು. ಚಿತ್ರದಲ್ಲಿ ಉಬ್ಬು ಕಂಡಿತೆಂದು ನೋವಿಗೆ ಅದೇ ಕಾರಣ ಎನ್ನಲಾಗದು. ಹಾಗಾಗಿ ಪ್ರತಿ ಕುತ್ತಿಗೆ ನೋವಿಗೂ ಮೊದಲ ದಿನವೇ ಎಂ.ಆರ್.ಐ. ಬರೆಸಿಕೊಳ್ಳುವುದು ದುಡ್ಡಿಗೂ ನೆಮ್ಮದಿಗೂ ನಷ್ಟ ಎಂಬುದು ನನ್ನ ಅಭಿಪ್ರಾಯ.

ಕಡ್ಡಾಯವಾಗಿ ಬೇಕಾಗುವುದು ಯಾವಾಗ? ಮುಂದಿನ ಪದ ‘ರಾಡಿಕ್ಯುಲೋಪಥಿ’ ಆಗಿದ್ದರೆ ತೊಂದರೆ ನರದ ಬೇರಿನಲ್ಲಿ: ತೋಳಿಗಿಳಿಯುವ ಚಳುಕು, ಬೆರಳಿನ ಜೋಮು. ಇದು ಎಷ್ಟೇ ಹಿಂಸೆ ಕೊಟ್ಟರೂ ಹೆಚ್ಚಿನವರಿಗೆ ಕೆಲವು ವಾರಗಳಿಂದ ತಿಂಗಳುಗಳಲ್ಲಿ ಆಪರೇಶನ್ ಇಲ್ಲದೆ ಇಳಿಯುತ್ತದೆ. ಮುಂದಿನ ಪದ ‘ಮೈಲೋಪಥಿ’ ಆಗಿದ್ದರೆ ಒತ್ತಡ ಬಳ್ಳಿಯ ಮೇಲೇ ಬಿದ್ದಿದೆ. ಇಲ್ಲಿ ನೋವು ಇರಲೇಬೇಕೆಂದಿಲ್ಲ, ಅದೇ ಇದರ ಕೆಟ್ಟ ಗುಣ. ಅಂಗಿಯ ಗುಂಡಿ ಹಾಕಲು ತಡವರಿಸುವುದು, ಅನ್ನ ಕಲಸುವಾಗ ಬೆರಳು ಮಾತು ಕೇಳದಿರುವುದು, ಕೈಬರಹ ಕೆಡುವುದು, ಹವಾಯಿ ಚಪ್ಪಲಿ ಗೊತ್ತಿಲ್ಲದೆ ಕಾಲಿಂದ ಜಾರುವುದು, ಕತ್ತಲಲ್ಲಿ ನಡೆಯುವಾಗ ತೂಗಾಡುವುದು, ಮೂತ್ರದ ಹಿಡಿತ ತಪ್ಪುವುದು ಇವೆಲ್ಲ ಅದರ ಲಕ್ಷಣಗಳು. ಮನೆಯವರು ‘ವಯಸ್ಸಾಯ್ತು, ಕೈ ನಡುಗುತ್ತೆ’ ಎಂದು ಬಿಟ್ಟುಬಿಡುತ್ತಾರೆ. ಬಿಡಬಾರದು. ಬಳ್ಳಿಯಲ್ಲಿ ಒಮ್ಮೆ ಕಳೆದುಹೋದದ್ದು ಪೂರ್ತಿ ಹಿಂತಿರುಗುವುದು ಕಷ್ಟ. ಆಪರೇಶನ್ನಿನ ಮುಖ್ಯ ಗುರಿ ಉಳಿದದ್ದನ್ನು ಉಳಿಸಿಕೊಳ್ಳುವುದು.

ತಲೆಸುತ್ತಿನ ಬಗ್ಗೆಯೂ ಒಂದು ಮಾತು. ತಲೆ ಸುತ್ತಿದರೆ ‘ಸರ್ವೈಕಲ್‌ನಿಂದ’ ಎಂದು ತಾವೇ ತೀರ್ಮಾನಿಸಿ ವರ್ಷಗಟ್ಟಲೆ ಕಾಲರ್ ಕಟ್ಟಿಕೊಂಡು ಓಡಾಡುವವರಿದ್ದಾರೆ. ಹಾಸಿಗೆಯಲ್ಲಿ ಮಗ್ಗಲು ಬದಲಿಸಿದಾಗ, ಅಟ್ಟದ ಮೇಲಿನ ಡಬ್ಬಿ ತೆಗೆಯಲು ಕತ್ತೆತ್ತಿದಾಗ ಕೋಣೆಯೇ ಗಿರ್ರೆಂದು ತಿರುಗಿ, ನಿಮಿಷದೊಳಗೆ ನಿಂತರೆ ಹೆಚ್ಚಿನ ಸಲ ಕಾರಣ ಒಳಗಿವಿಯಲ್ಲಿರುತ್ತದೆ. ಅಲ್ಲಿನ ಸಣ್ಣ ಹರಳುಗಳು ಜಾಗ ತಪ್ಪಿರುತ್ತವೆ. ಕಿವಿ ಡಾಕ್ಟರು ತಲೆಯನ್ನು ಕ್ರಮವಾಗಿ ತಿರುಗಿಸಿ ಕೆಲವೇ ನಿಮಿಷಗಳಲ್ಲಿ ಅವನ್ನು ಜಾಗಕ್ಕೆ ಕಳಿಸಬಲ್ಲರು. ಕಾಲರನ್ನು ತಿಂಗಳುಗಟ್ಟಲೆ ಕಟ್ಟಿದರೆ ಕುತ್ತಿಗೆಯ ಸ್ನಾಯು ಇನ್ನಷ್ಟು ಸೋಲುತ್ತದೆ.

ಕ್ಷೌರದಂಗಡಿಯಲ್ಲಿ ಕೊನೆಗೆ ತಲೆಗೆ ಮಾಲೀಶು ಮಾಡಿ, ಗದ್ದ ಮತ್ತು ಹಿಂದಲೆ ಹಿಡಿದು ಲಟಕ್ಕೆಂದು ಕತ್ತು ಮುರಿಯುವುದನ್ನು ಅನೇಕರು ಸುಖವೆಂದೇ ಎಣಿಸುತ್ತಾರೆ. ಮಿದುಳಿನ ಹಿಂಭಾಗಕ್ಕೆ ರಕ್ತ ಒಯ್ಯುವ ಎರಡು ಧಮನಿಗಳು ಕುತ್ತಿಗೆಯ ಕಶೇರುಗಳ ಪಕ್ಕದ ರಂಧ್ರಗಳ ಮೂಲಕವೇ ಏರುತ್ತವೆ. ಸಾಮಾನ್ಯವಾಗಿ ಸಿ6ರಲ್ಲಿ ಹೊಕ್ಕು ಸಿ1ರಲ್ಲಿ ಹೊರಬಂದು ಬುರುಡೆ ಸೇರುತ್ತವೆ. ಮೂಳೆಯನ್ನು ಹಠಾತ್ತನೆ ತಿರುಚಿದರೆ ಧಮನಿಯ ಒಳಪದರ ಹರಿದು, ಅಲ್ಲಿ ರಕ್ತ ಹೆಪ್ಪುಗಟ್ಟಿ, ಪಾರ್ಶ್ವವಾಯು ಆಗಬಹುದು. 2024ರಲ್ಲಿ ಬಳ್ಳಾರಿ ಕಡೆಯ ಯುವಕರೊಬ್ಬರಿಗೆ ಸಲೂನಿನಲ್ಲಿ ಕತ್ತು ಮುರಿಸಿಕೊಂಡ ಮೇಲೆ ಹೀಗೇ ಆಗಿ ಪತ್ರಿಕೆಗಳಲ್ಲಿ ಸುದ್ದಿಯಾಯಿತು. ತಲೆ ತೊಳೆಯಲು ಬೇಸಿನ್ನಿನ ಅಂಚಿಗೆ ಕತ್ತನ್ನು ಹಿಂದಕ್ಕೆ ಒರಗಿಸಿದಾಗಲೂ ಆಗಬಹುದೆಂದು ಅಮೆರಿಕದ ನರವೈದ್ಯ ವೈನ್‌ಟ್ರಾಬ್ 1993ರಲ್ಲೇ ಬರೆದಿದ್ದರು. ಅಪರೂಪ, ನಿಜ. ಆದರೂ ಅಂಗಡಿಯವರಿಗೆ ‘ಕತ್ತು ಮಾತ್ರ ಬೇಡ’ ಎಂದು ಹೇಳಲು ಏನೂ ಖರ್ಚಿಲ್ಲ.

ಇಲ್ಲಿಯವರೆಗೆ ಮೂಳೆ ಮತ್ತು ನರ. ಸರ್ವೈಕಲ್ ಪದದ ಮುಂದೆ ‘ನೋಡ್’, ‘ಲಿಂಫ್’, ‘ಲಿಂಫಡಿನೈಟಿಸ್’, ‘ಲಿಂಫಡಿನೋಪಥಿ’ ಎಂದು ಬಂದರೆ ಅದು ಕುತ್ತಿಗೆಯ ಹಾಲ್ರಸ ಗ್ರಂಥಿಗಳ ಮಾತು. ದೇಹದಲ್ಲಿ ಇಂಥ ಗ್ರಂಥಿಗಳು ಸುಮಾರು ಎಂಟುನೂರು. ಅವುಗಳಲ್ಲಿ ಮುನ್ನೂರರಷ್ಟು ಕುತ್ತಿಗೆಯಲ್ಲೇ ಇವೆ. ಬಾಯಿ, ಮೂಗು, ಗಂಟಲು, ನೆತ್ತಿಯ ಚರ್ಮ ಎಲ್ಲಿ ಸೋಂಕಾದರೂ ಮೊದಲು ಊದುವವು ಇವೇ. ಮಕ್ಕಳಿಗೆ ನೆಗಡಿಯಾದಾಗ, ತಲೆಯಲ್ಲಿ ಹೇನು ಕಜ್ಜಿಯಾದಾಗ ಕತ್ತಿನಲ್ಲಿ ಕಡಲೆಕಾಳಿನಷ್ಟು ಗಂಟು ಸಿಕ್ಕಿ ತಾಯಂದಿರು ಗಾಬರಿಯಾಗುತ್ತಾರೆ. ಅವು ಮೆತ್ತಗಿದ್ದು ಬೆರಳಿಗೆ ಜಾರುತ್ತವೆ, ಸೋಂಕು ಹೋದ ಮೇಲೆ ಕುಗ್ಗುತ್ತವೆ.

ಕುಗ್ಗದೆ ಉಳಿದವು ಬೇರೆ. ಹಿರಿಯರು ಗಂಡಮಾಲೆ ಎಂದು ಕರೆಯುತ್ತಿದ್ದದ್ದು ಕತ್ತಿನ ಸುತ್ತ ಸರದಂತೆ ಏಳುವ ಗಂಟುಗಳನ್ನು. ಅವುಗಳಲ್ಲಿ ಬಹುಪಾಲು ಕ್ಷಯ. ಯೂರೋಪಿನಲ್ಲಿ ಇದೇ ರೋಗಕ್ಕೆ ‘ದೊರೆಯ ಪೀಡೆ’ ಎಂಬ ಹೆಸರಿತ್ತು, ಇಂಗ್ಲೆಂಡ್ ಮತ್ತು ಫ್ರಾನ್ಸಿನ ರಾಜರು ಮುಟ್ಟಿದರೆ ವಾಸಿಯಾಗುತ್ತದೆಂದು ಜನ ಸಾಲುಗಟ್ಟುತ್ತಿದ್ದರು. ನಮ್ಮಲ್ಲಿ ಶ್ವಾಸಕೋಶದ ಹೊರಗೆ ಬರುವ ಕ್ಷಯದಲ್ಲಿ ಗ್ರಂಥಿಗಳದ್ದೇ ಮೇಲುಗೈ, ಅದರಲ್ಲೂ ಕುತ್ತಿಗೆಯದ್ದು. ಕೆಮ್ಮು ಇರಲೇಬೇಕೆಂದಿಲ್ಲ. ಗಂಟುಗಳು ಒಂದಕ್ಕೊಂದು ಅಂಟಿಕೊಳ್ಳುತ್ತವೆ, ಕೆಲವೊಮ್ಮೆ ಒಡೆದು ಕೀವು ಸುರಿಯುತ್ತದೆ. ಸಣ್ಣ ಸೂಜಿಯಿಂದ ಸ್ವಲ್ಪ ದ್ರವ ಎಳೆದು ಪರೀಕ್ಷಿಸಿದರೆ ತಿಳಿಯುತ್ತದೆ. ಸರ್ಕಾರಿ ಆಸ್ಪತ್ರೆಯಲ್ಲಿ ಆರು ತಿಂಗಳ ಮಾತ್ರೆ ಉಚಿತ. ಮಾತ್ರೆ ಶುರುಮಾಡಿದ ಮೇಲೂ ಗಂಟು ಕೆಲಕಾಲ ದೊಡ್ಡದಾಗಬಹುದು; ಔಷಧ ಕೆಲಸ ಮಾಡುತ್ತಿಲ್ಲ ಎಂದು ಅದನ್ನೇ ನೋಡಿ ನಿಲ್ಲಿಸಬಾರದು.

ನಲವತ್ತು ದಾಟಿದವರಲ್ಲಿ, ಹೊಗೆಸೊಪ್ಪು, ಗುಟ್ಕಾ, ಅಡಿಕೆ ಜಗಿಯುವವರಲ್ಲಿ ಗಟ್ಟಿಯಾದ, ನೋವಿಲ್ಲದ ಗಂಟು ಎರಡು ಮೂರು ವಾರಕ್ಕೂ ಕುಗ್ಗದಿದ್ದರೆ ತಡಮಾಡುವಂತಿಲ್ಲ. ಅಡಿಕೆ ನಮ್ಮ ಮಲೆನಾಡು, ಕರಾವಳಿಯ ಬದುಕು. ಆ ಬೆಳೆಗಾರರ ಬಗ್ಗೆ ನನಗೆ ಗೌರವವಿದೆ. ಆದರೆ ತಂಬಾಕು ಬೆರೆಸದ ಅಡಿಕೆಯೂ ಕ್ಯಾನ್ಸರ್‌ಕಾರಕ ಎಂದು ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ 2004ರಲ್ಲಿ ಪ್ರಕಟಿಸಿದ ವರದಿಯಲ್ಲಿ ಸ್ಪಷ್ಟವಾಗಿ ಹೇಳಿದೆ. ಅದನ್ನು ಮರೆಮಾಚಿ ಬರೆಯಲಾರೆ. ಬಾಯಿಯ ಕ್ಯಾನ್ಸರ್ ಹರಡುವಾಗ ಮೊದಲು ಹೋಗುವುದು ಕುತ್ತಿಗೆಯ ಈ ಗ್ರಂಥಿಗಳಿಗೆ. ಆ ಗಂಡಸಿನ ಕಾಗದದಲ್ಲಿದ್ದ ‘ಸರ್ವೈಕಲ್ ಮೆಟಾಸ್ಟಾಸಿಸ್’ ಅಂದರೆ ಇದೇ: ಬೇರೆಡೆ ಹುಟ್ಟಿದ ಕ್ಯಾನ್ಸರ್ ಕುತ್ತಿಗೆಯ ಗಂಟಿಗೆ ಬಂದಿದೆ.

ವೈದ್ಯರು ಕುತ್ತಿಗೆಯ ಗ್ರಂಥಿಗಳನ್ನು ಲೆವೆಲ್ ಒಂದರಿಂದ ಏಳರವರೆಗೆ ವಿಂಗಡಿಸಿದ್ದಾರೆ. ಒಂದು ಗದ್ದದ ಕೆಳಗೆ. ಎರಡು, ಮೂರು, ನಾಲ್ಕು ಕತ್ತಿನ ಪಕ್ಕದ ದೊಡ್ಡ ರಕ್ತನಾಳದ ಉದ್ದಕ್ಕೂ ಮೇಲಿನಿಂದ ಕೆಳಗೆ. ಐದು ಅದರ ಹಿಂದೆ. ಆರು, ಏಳು ನಡುಗತ್ತಿನಲ್ಲಿ ಕೆಳಗೆ. ಮೂಳೆಯೂ ಏಳು, ಲೆವೆಲ್ಲೂ ಏಳು, ಆದರೆ ಎರಡಕ್ಕೂ ಸಂಬಂಧವಿಲ್ಲ. ಗಂಟು ಯಾವ ಲೆವೆಲ್ಲಿನಲ್ಲಿದೆ ಎಂಬುದರಿಂದ ಮೂಲ ಎಲ್ಲಿರಬಹುದೆಂದು ಊಹಿಸುತ್ತಾರೆ. ಎಡ ಕಾಲರ್ ಮೂಳೆಯ ಮೇಲಿನ ಗಂಟಾದರೆ ಹೊಟ್ಟೆಯನ್ನೂ ಹುಡುಕಬೇಕು.

ಈ ಗ್ರಂಥಿಗಳನ್ನು ಒಟ್ಟಾಗಿ ತೆಗೆಯುವ ‘ನೆಕ್ ಡಿಸೆಕ್ಷನ್’ ಶಸ್ತ್ರಕ್ರಿಯೆಯನ್ನು ಕ್ರಮಬದ್ಧವಾಗಿ ವಿವರಿಸಿ, ತಾನು ಮಾಡಿದ 132 ಆಪರೇಶನ್ನುಗಳ ಆಧಾರದ ಮೇಲೆ ಬರೆದವನು ಅಮೆರಿಕದ ಜಾರ್ಜ್ ಕ್ರೈಲ್, 1906ರಲ್ಲಿ. ಆಗೆಲ್ಲ ಗ್ರಂಥಿಯ ಜೊತೆಗೆ ದೊಡ್ಡ ಸ್ನಾಯು, ಅಭಿಧಮನಿ, ಹೆಗಲನ್ನು ಎತ್ತುವ ನರ ಎಲ್ಲವೂ ಹೋಗುತ್ತಿದ್ದವು. ರೋಗಿ ಬದುಕಿದರೂ ಬಟ್ಟೆ ಒಣಹಾಕಲು ತೋಳು ಏಳುತ್ತಿರಲಿಲ್ಲ. ಈಗ ಸಾಧ್ಯವಾದಷ್ಟೂ ಇವನ್ನು ಉಳಿಸಿ ಗ್ರಂಥಿಗಳನ್ನಷ್ಟೇ ತೆಗೆಯುತ್ತಾರೆ. ‘ಗಂಟು ಇನ್ನೂ ಕಾಣಿಸುತ್ತಿಲ್ಲವಲ್ಲ, ಬಾಯಿಯದ್ದಷ್ಟೇ ತೆಗೆದರೆ ಸಾಲದೇ’ ಎಂದು ಮನೆಯವರು ಕೇಳುವ ಪ್ರಶ್ನೆಗೆ ಉತ್ತರ ಸಿಕ್ಕಿದ್ದು ಮುಂಬೈನ ಟಾಟಾ ಮೆಮೋರಿಯಲ್ ಆಸ್ಪತ್ರೆಯಲ್ಲಿ. ಅನಿಲ್ ಡಿ’ಕ್ರೂಜ್ ಮತ್ತು ಸಂಗಡಿಗರು 2015ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಆರಂಭದ ಹಂತದ ಬಾಯಿ ಕ್ಯಾನ್ಸರಿನ ಜೊತೆಗೇ ಕತ್ತಿನ ಗ್ರಂಥಿಗಳನ್ನೂ ತೆಗೆಸಿಕೊಂಡವರಲ್ಲಿ ಮೂರು ವರ್ಷದ ನಂತರ 80 ಶೇಕಡಾ ಬದುಕಿದ್ದರು. ಗಂಟು ಕಾಣಿಸಿಕೊಳ್ಳಲಿ ಎಂದು ಕಾದವರಲ್ಲಿ 67.5 ಶೇಕಡಾ.

ಬಸುರಿಯ ರಿಪೋರ್ಟಿನಲ್ಲಿ ತಲೆ-ಕತ್ತಿನ ಪದಗಳು ಮೂರು ಒಟ್ಟಿಗೇ ಬರುತ್ತವೆ. ‘ಸೆಫಾಲಿಕ್ ಪ್ರೆಸೆಂಟೇಶನ್’ ಅಂದರೆ ಮಗುವಿನ ತಲೆ ಕೆಳಗಿದೆ, ಹೆರಿಗೆಗೆ ಅನುಕೂಲದ ಭಂಗಿ. ‘ನ್ಯೂಕಲ್’ ಅಂದರೆ ಹೆಕ್ಕತ್ತು. 11ರಿಂದ 13 ವಾರಗಳಲ್ಲಿ ಮಾಡುವ ಎನ್.ಟಿ. ಸ್ಕ್ಯಾನಿನಲ್ಲಿ ಅಳೆಯುವುದು ಮಗುವಿನ ಹೆಕ್ಕತ್ತಿನ ಚರ್ಮದಡಿಯ ನೀರಿನ ದಪ್ಪ. ಹೆಚ್ಚಿದ್ದರೆ ಡೌನ್ ಸಿಂಡ್ರೋಮ್ ಮುಂತಾದವಕ್ಕೆ ಮುಂದಿನ ಪರೀಕ್ಷೆ ಹೇಳುತ್ತಾರೆ. ‘ನ್ಯೂಕಲ್ ಕಾರ್ಡ್’ ಅಂದರೆ ಹೊಕ್ಕುಳಬಳ್ಳಿ ಮಗುವಿನ ಕತ್ತಿಗೆ ಸುತ್ತಿಕೊಂಡಿದೆ ಎಂದು. ಮನೆಯಲ್ಲಿ ಇದಕ್ಕೆ ಪಡುವ ಆತಂಕ ಅಷ್ಟಿಷ್ಟಲ್ಲ. ಆದರೆ ನಾಲ್ಕೈದು ಹೆರಿಗೆಗಳಲ್ಲಿ ಒಂದರಲ್ಲಿ ಕಾಣುವ ಸಂಗತಿಯಿದು, ಅದೊಂದೇ ಕಾರಣಕ್ಕೆ ಸಿಸೇರಿಯನ್ ಬೇಕಾಗುವುದಿಲ್ಲ. ಮೂರನೆಯ ‘ಸರ್ವೈಕಲ್ ಲೆಂಗ್ತ್’ ಮಾತ್ರ ತಾಯಿಯದು, ಆಕೆಯ ಗರ್ಭಕಂಠದ ಉದ್ದ. 24 ವಾರಕ್ಕೆ ಮುಂಚೆಯೇ ಅದು 25 ಮಿಲಿಮೀಟರಿಗಿಂತ ಕುಗ್ಗಿದ್ದರೆ ದಿನ ತುಂಬುವ ಮೊದಲೇ ಹೆರಿಗೆಯಾಗುವ ಸಂಭವ ಹೆಚ್ಚು. ಹಾರ್ಮೋನ್ ಔಷಧ ಅಥವಾ ಕೆಲವರಿಗೆ ಹೊಲಿಗೆ ಹಾಕಿ ಕಾಪಾಡುತ್ತಾರೆ.

ಕೊನೆಗೆ ‘ಸರ್ವೈಕಲ್ ಕ್ಯಾನ್ಸರ್’. ವೈದ್ಯರಾಗಲಿ ಪತ್ರಿಕೆಯಾಗಲಿ ಹೀಗೆಂದರೆ ಅದು ಗರ್ಭಕಂಠದ ಕ್ಯಾನ್ಸರೇ. ಕುತ್ತಿಗೆಯದಕ್ಕೆ ‘ಹೆಡ್ ಅಂಡ್ ನೆಕ್ ಕ್ಯಾನ್ಸರ್’ ಎನ್ನುತ್ತಾರೆ. ಅಚ್ಚರಿಯೆಂದರೆ ಈ ‘ಹೆಡ್’ನಲ್ಲಿ ಮಿದುಳು ಸೇರಿಲ್ಲ, ಬಾಯಿ, ಗಂಟಲು, ಮೂಗು, ಧ್ವನಿಪೆಟ್ಟಿಗೆ, ಜೊಲ್ಲಿನ ಗ್ರಂಥಿಗಳು ಇದರ ವ್ಯಾಪ್ತಿ. ಭಾರತದ ಹೆಂಗಸರಲ್ಲಿ ಸ್ತನ ಕ್ಯಾನ್ಸರ್ ಬಿಟ್ಟರೆ ಹೆಚ್ಚು ಕಾಣುವುದು ಗರ್ಭಕಂಠದ್ದು. 2022ರ ಅಂದಾಜಿನಂತೆ ವರ್ಷಕ್ಕೆ ಸುಮಾರು 1.27 ಲಕ್ಷ ಹೊಸ ರೋಗಿಗಳು, ಸುಮಾರು 80 ಸಾವಿರ ಸಾವು. ಬಹುತೇಕ ತಡೆಯಬಹುದಾದ ಸಾವುಗಳಿವು. ಕಾರಣವಾದ ಎಚ್.ಪಿ.ವಿ. ವೈರಸ್ಸನ್ನು ಗುರುತಿಸಿದ ಜರ್ಮನಿಯ ಹೆರಾಲ್ಡ್ ಸುರ್ ಹೌಸನ್ ಅವರಿಗೆ 2008ರಲ್ಲಿ ನೊಬೆಲ್ ಬಂತು. ಆ ವೈರಸ್ಸಿನ 16 ಮತ್ತು 18ನೇ ತಳಿಗಳೇ ಸುಮಾರು 70 ಶೇಕಡಾ ಗರ್ಭಕಂಠ ಕ್ಯಾನ್ಸರುಗಳಿಗೆ ಕಾರಣ. ಸೋಂಕು ತಗುಲಿ ಕ್ಯಾನ್ಸರಾಗಲು ಸಾಮಾನ್ಯವಾಗಿ ಹತ್ತಾರು ವರ್ಷ ಬೇಕು. ಅಷ್ಟು ಸಮಯ ನಮ್ಮ ಕೈಯಲ್ಲಿದೆ.

ಮೂವತ್ತು ದಾಟಿದ ಹೆಂಗಸರಿಗೆ ಐದು ವರ್ಷಕ್ಕೊಮ್ಮೆ ತಪಾಸಣೆ ಮಾಡಬೇಕೆಂಬುದು ನಮ್ಮ ದೇಶದ ಮಾರ್ಗಸೂಚಿ. ಹತ್ತಿಯುಂಡೆಯಲ್ಲಿ ತಿಳಿಯಾದ ಅಸಿಟಿಕ್ ಆಮ್ಲವನ್ನು, ಅಂದರೆ ವಿನೆಗರಿನ ಹುಳಿಯನ್ನೇ, ಗರ್ಭಕಂಠಕ್ಕೆ ಸವರಿ ಒಂದು ನಿಮಿಷ ಕಾಯುತ್ತಾರೆ. ಕೆಟ್ಟ ಜೀವಕೋಶಗಳಿರುವ ಜಾಗ ಬೆಳ್ಳಗೆ ಕಾಣುತ್ತದೆ. ಸ್ಕ್ಯಾನ್ ಬೇಡ, ತರಬೇತಾದ ನರ್ಸ್ ಮಾಡಬಲ್ಲರು. ಇಷ್ಟು ಸುಲಭದ್ದಕ್ಕೂ ಹೆಂಗಸರು ಬರುವುದಿಲ್ಲ, ಏಕೆಂದರೆ ನಾಚಿಕೆ. ಮನೆಯಲ್ಲಿ ಎಲ್ಲರ ಕೆಲಸ ಮುಗಿದ ಮೇಲಷ್ಟೇ ತಮ್ಮ ಕಡೆ ನೋಡಿಕೊಳ್ಳುವ ಅಭ್ಯಾಸ ಬೇರೆ. ಮುಟ್ಟು ನಿಂತ ಮೇಲೆ ಮತ್ತೆ ರಕ್ತ ಕಂಡರೆ, ದಂಪತಿ ಕೂಡಿದ ಮೇಲೆ ರಕ್ತ ಹೋದರೆ, ವಾಸನೆಯ ಬಿಳಿಸೆರಗು ನಿಲ್ಲದಿದ್ದರೆ ಐದು ವರ್ಷದ ಲೆಕ್ಕ ನೋಡದೆ ಅಂದೇ ಹೋಗಬೇಕು.

ಈ ವೈರಸ್ಸು ಗರ್ಭಕಂಠಕ್ಕಷ್ಟೇ ಸೀಮಿತವಲ್ಲ. 16ನೇ ತಳಿ ಗಂಡಸರ, ಹೆಂಗಸರ ಇಬ್ಬರ ಗಲಗ್ರಂಥಿ (ಟಾನ್ಸಿಲ್) ಮತ್ತು ನಾಲಿಗೆಯ ಬುಡದಲ್ಲೂ ಕ್ಯಾನ್ಸರ್ ತರುತ್ತದೆ. ಗಂಟಲಲ್ಲಿ ಏನೂ ಗೊತ್ತಾಗದೆ ಮೊದಲು ಕಾಣಿಸುವುದು ಎಷ್ಟೋ ಸಲ ಕತ್ತಿನ ಪಕ್ಕದ ಗಂಟು, ಅಂದರೆ ಮತ್ತೆ ಸರ್ವೈಕಲ್ ನೋಡ್. ನಮ್ಮಲ್ಲಿ ತಂಬಾಕಿನದ್ದೇ ದೊಡ್ಡ ಪಾಲಾದರೂ, ಪಶ್ಚಿಮದ ದೇಶಗಳಲ್ಲಿ ಇಂಥ ಗಂಟಲ ಕ್ಯಾನ್ಸರ್ ಏರುತ್ತಿದೆ. ಸೀರಂ ಸಂಸ್ಥೆ ಪುಣೆಯಲ್ಲಿ ತಯಾರಿಸಿ 2023ರಲ್ಲಿ ಬಿಡುಗಡೆಯಾದ, ಈ ವೈರಸ್ಸಿನ ವಿರುದ್ಧದ ಸರ್ವಾವ್ಯಾಕ್ ಲಸಿಕೆಯನ್ನು ಹೆಣ್ಣುಮಕ್ಕಳ ಜೊತೆಗೆ ಗಂಡುಮಕ್ಕಳಿಗೂ ಹಾಕಿಸಬಹುದು. 9ರಿಂದ 14 ವರ್ಷದೊಳಗಾದರೆ ಆರು ತಿಂಗಳ ಅಂತರದಲ್ಲಿ ಎರಡು ಡೋಸ್, 15 ದಾಟಿದರೆ ಮೂರು.